ವಿದರ್, ವೆನ್ಸ್, ವೇರ್‌ಫೋರ್: ಇಂಗ್ಲಿಷಿನ ಹಳೇ ಕ್ರಿಯಾವಿಶೇಷಣಗಳನ್ನು ಬಿಡಿಸಿ ನೋಡಿದರೆ

ಇಂಗ್ಲಿಷಿನಲ್ಲಿ ಜಾಗದ ಬಗ್ಗೆ ಕೇಳಲು ‘ವೇರ್’ ಒಂದಿದ್ದರೆ ಸಾಕು ಅಂತ ನಾವೆಲ್ಲ ಶಾಲೆಯಲ್ಲಿ ಕಲಿತೆವು. ಎಲ್ಲಿದ್ದೀಯ ಎನ್ನಲೂ ವೇರ್, ಎಲ್ಲಿಗೆ ಹೊರಟೆ ಎನ್ನಲೂ ವೇರ್. ಎಲ್ಲಿಂದ ಬಂದೆ ಅಂತ ಕೇಳಬೇಕಾದರೆ ಅದೇ ವೇರ್, ಜೊತೆಗೊಂದು ಫ್ರಮ್. ಆದರೆ ನಾನೂರು ವರ್ಷ ಹಿಂದಿನ ಇಂಗ್ಲಿಷಿನವನು ಇಷ್ಟಕ್ಕೆ ತೃಪ್ತನಾಗುತ್ತಿರಲಿಲ್ಲ. ಅವನ ಹತ್ತಿರ ಮೂರು ಪ್ರಶ್ನೆಗೆ ಮೂರು ಬೇರೆ ಪದಗಳಿದ್ದವು. ಎಲ್ಲಿ ಎಂದರೆ ವೇರ್, ಎಲ್ಲಿಗೆ ಎಂದರೆ ವಿದರ್, ಎಲ್ಲಿಂದ ಎಂದರೆ ವೆನ್ಸ್.

1611ರ ಕಿಂಗ್ ಜೇಮ್ಸ್ ಬೈಬಲ್‌ನಲ್ಲಿ ಯೋಹಾನನ ಸುವಾರ್ತೆಯ ಎಂಟನೇ ಅಧ್ಯಾಯದಲ್ಲಿ ಯೇಸು ಹೇಳುವ ಮಾತು ಹೀಗಿದೆ: ‘ಐ ನೋ ವೆನ್ಸ್ ಐ ಕೇಮ್, ಅಂಡ್ ವಿದರ್ ಐ ಗೋ.’ ಎಲ್ಲಿಂದ ಬಂದೆ, ಎಲ್ಲಿಗೆ ಹೋಗುತ್ತೇನೆ, ನನಗೆ ಗೊತ್ತು. ಅದೇ ಬೈಬಲ್‌ನಲ್ಲಿ ರೂತಳು ಅತ್ತೆಗೆ ಕೊಡುವ ಮಾತು ಇನ್ನೂ ಚೆನ್ನಾಗಿದೆ. ‘ವಿದರ್ ದೌ ಗೋಯೆಸ್ಟ್, ಐ ವಿಲ್ ಗೋ, ಅಂಡ್ ವೇರ್ ದೌ ಲಾಡ್ಜೆಸ್ಟ್, ಐ ವಿಲ್ ಲಾಡ್ಜ್.’ ನೀನು ಎಲ್ಲಿಗೆ ಹೋಗುತ್ತೀಯೋ ಅಲ್ಲಿಗೆ ನಾನೂ ಬರುತ್ತೇನೆ, ನೀನು ಎಲ್ಲಿ ತಂಗುತ್ತೀಯೋ ಅಲ್ಲೇ ನಾನೂ ತಂಗುತ್ತೇನೆ. ಹೋಗುವ ಮಾತಿಗೆ ವಿದರ್, ತಂಗುವ ಮಾತಿಗೆ ವೇರ್. ಒಂದೇ ಉಸಿರಿನಲ್ಲಿ ಎರಡೂ ಬಂದಿವೆ. ಈ ಅನುವಾದಕರು ಪದಗಳನ್ನು ಸುಮ್ನೆ ಗಾಂಭೀರ್ಯಕ್ಕೆ ಅಂತ ಹಾಕಿಲ್ಲ. ವ್ಯಾಕರಣ ಬೇಡಿದ್ದಕ್ಕೆ ಹಾಕಿದ್ದಾರೆ.

ಈ ಹಳೇ ಪದಗಳನ್ನು ನೋಡುವಾಗ ಜಾಸ್ತಿ ಜನ ತಪ್ಪುವುದು ಇಲ್ಲೇ. ನಾಟಕದ ಪೋಷಾಕು, ರಾಜ-ರಾಣಿಯರ ಕಾಲದ ಶೋಕಿ ಅಂದುಕೊಳ್ಳುತ್ತಾರೆ. ನನಗೆ ಅವು ಒಂದು ಲೆಕ್ಕದ ಉಳಿಕೆಗಳಾಗಿ ಕಾಣುತ್ತವೆ. ಆ ಲೆಕ್ಕ ಗೊತ್ತಾದರೆ ನಿಘಂಟು ತೆಗೆಯದೆಯೇ ಅರ್ಧಕ್ಕರ್ಧ ಪದಗಳ ಅರ್ಥ ಹೊಳೆಯುತ್ತದೆ. ಕನ್ನಡಿಗರಿಗಂತೂ ಬೇಗ ಹೊಳೆಯಬೇಕು, ಯಾಕೆಂದರೆ ನಮ್ಮ ಭಾಷೆಯಲ್ಲಿ ಆ ಲೆಕ್ಕ ಇನ್ನೂ ಚಾಲ್ತಿಯಲ್ಲಿದೆ.

ಮೊದಲು ಒಂಬತ್ತು ಪದಗಳನ್ನು ಮೂರು ಸಾಲಾಗಿ ಜೋಡಿಸಿ ನೋಡಿ. ಹಿಯರ್, ದೇರ್, ವೇರ್: ಇಲ್ಲಿ, ಅಲ್ಲಿ, ಎಲ್ಲಿ. ಹಿದರ್, ದಿದರ್, ವಿದರ್: ಇತ್ತ, ಅತ್ತ, ಎತ್ತ. ಹೆನ್ಸ್, ದೆನ್ಸ್, ವೆನ್ಸ್: ಇಲ್ಲಿಂದ, ಅಲ್ಲಿಂದ, ಎಲ್ಲಿಂದ. ನಮ್ಮಲ್ಲಿ ಇ, ಅ, ಎ ಬದಲಾದಂತೆ ಅವರಲ್ಲಿ ಮೊದಲ ಅಕ್ಷರ ಬದಲಾಗುತ್ತದೆ. ‘ಹ’ ಬಂದರೆ ಹತ್ತಿರ, ‘ದ’ ಬಂದರೆ ದೂರ, ‘ವ’ ಬಂದರೆ ಪ್ರಶ್ನೆ. ಕೊನೆಯಲ್ಲಿ ‘ದರ್’ ಇದ್ದರೆ ಆ ಕಡೆಗೆ, ‘ನ್ಸ್’ ಇದ್ದರೆ ಆ ಕಡೆಯಿಂದ. ಬಿಡಿಯಾಗಿ ಒಂಬತ್ತು ಪದ ಉರುಹೊಡೆಯುವ ಕೆಲಸವೇ ಇಲ್ಲ.

ಸಾವಿರ ವರ್ಷದ ಹಿಂದಿನ ಇಂಗ್ಲಿಷಿನಲ್ಲೂ ಇದೇ ಜೋಡಣೆ ಇತ್ತು. ಅಂದಿನ ರೂಪಗಳು ಹಿದೆರ್, ಥಿದೆರ್, ಹ್ವಿದೆರ್. ಹಾಗೆಯೇ ಹೆಯೊನನ್, ಥನೊನ್, ಹ್ವನೊನ್. ಜರ್ಮನ್ ಭಾಷೆಯಲ್ಲಿ ಇವತ್ತಿಗೂ ‘ವೋ’ ಎಂದರೆ ಎಲ್ಲಿ, ‘ವೋಹಿನ್’ ಎಂದರೆ ಎಲ್ಲಿಗೆ, ‘ವೋಹೇರ್’ ಎಂದರೆ ಎಲ್ಲಿಂದ. ನೆಂಟ ಭಾಷೆ ಇಟ್ಟುಕೊಂಡದ್ದನ್ನು ಇಂಗ್ಲಿಷ್ ಕಳೆದುಕೊಂಡಿತು.

ಕನ್ನಡದಲ್ಲಿ ಇದಕ್ಕೆ ಸಾಕ್ಷಿ ಬೇಕಾದರೆ ದೂರ ಹೋಗಬೇಕಿಲ್ಲ. ಹನ್ನೆರಡನೇ ಶತಮಾನದಲ್ಲಿ ಅಲ್ಲಮಪ್ರಭು ಕೇಳಿದ್ದು ನೆನಪಿದೆಯಲ್ಲ: ‘ಎತ್ತಣ ಮಾಮರ, ಎತ್ತಣ ಕೋಗಿಲೆ, ಎತ್ತಣಿಂದೆತ್ತ ಸಂಬಂಧವಯ್ಯಾ.’ ಆ ‘ಎತ್ತಣಿಂದೆತ್ತ’ ಎಂಬ ಒಂದೇ ಪದದಲ್ಲಿ ವೆನ್ಸ್ ಮತ್ತು ವಿದರ್ ಎರಡೂ ಕೂತಿವೆ. ಇದನ್ನು ಇವತ್ತಿನ ಇಂಗ್ಲಿಷಿಗೆ ತರುವವರು ಫ್ರಮ್ ವೇರ್ ಟು ವೇರ್ ಅಂತ ಎಳೆದಾಡಬೇಕು.

ಹಾಗಾದರೆ ಇಂಗ್ಲಿಷಿನವರು ಇಷ್ಟು ಅಚ್ಚುಕಟ್ಟಾದ ಜೋಡಣೆಯನ್ನು ಯಾಕೆ ಬಿಟ್ಟರು? ಬೇಕಾಗಲಿಲ್ಲ, ಅಷ್ಟೇ. ‘ಗೋ’ ಅಂದ ಮೇಲೆ ಅದರಲ್ಲೇ ‘ಕಡೆಗೆ’ ಇದೆ. ‘ಫ್ರಮ್’ ಅಂದ ಮೇಲೆ ಅದರಲ್ಲೇ ‘ಇಂದ’ ಇದೆ. ಅದೇ ಮಾಹಿತಿಯನ್ನು ಕ್ರಿಯಾವಿಶೇಷಣ ಇನ್ನೊಮ್ಮೆ ಹೊರಬೇಕಾಗಿಲ್ಲ. ಹಾಗಾಗಿ ಮಾತಿನಲ್ಲಿ ವೇರ್ ಒಂದೇ ಎಲ್ಲ ಕೆಲಸ ಮಾಡಲು ಶುರು ಮಾಡಿತು. ನಮ್ಮಲ್ಲೂ ಇದು ನಡೆಯುತ್ತಿದೆ, ಗಮನಿಸಿ. ಬರೆಯುವಾಗ ‘ಎಲ್ಲಿಗೆ ಹೊರಟಿದ್ದೀಯ’ ಎನ್ನುತ್ತೇವೆ. ಧಾರವಾಡದ ಕಡೆ ಬೀದಿಯಲ್ಲಿ ಕೇಳುವುದು ‘ಎಲ್ಲಿ ಹೊಂಟಿ?’ ಅಂತ. ‘ಗೆ’ ಇಲ್ಲ, ಆದರೂ ಯಾರಿಗೂ ಗೊಂದಲವಿಲ್ಲ. ಹೊಂಟಿ ಅನ್ನುವ ಕ್ರಿಯಾಪದವೇ ದಿಕ್ಕು ತೋರಿಸುತ್ತದೆ. ವಿದರ್ ಸತ್ತದ್ದು ಹೀಗೆಯೇ.

ವೆನ್ಸ್ ಸಾಯುವ ಮುಂಚೆ ಒಂದು ಜಗಳ ಹುಟ್ಟುಹಾಕಿತು. ವೆನ್ಸ್ ಎಂದರೇನೇ ‘ಎಲ್ಲಿಂದ’. ಹಾಗಿರುವಾಗ ‘ಫ್ರಮ್ ವೆನ್ಸ್’ ಅಂದರೆ ‘ಎಲ್ಲಿಂದದಿಂದ’ ಅಂದ ಹಾಗಾಗುತ್ತದೆ. ಸ್ಯಾಮ್ಯುಯೆಲ್ ಜಾನ್ಸನ್ 1755ರ ತನ್ನ ನಿಘಂಟಿನಲ್ಲಿ ಇದನ್ನು ಕೆಟ್ಟ ಬಳಕೆ ಅಂತ ಬೈದಿದ್ದಾನೆ. ವ್ಯಾಕರಣದ ಮೇಷ್ಟ್ರುಗಳು ಇವತ್ತಿಗೂ ಅದನ್ನೇ ಹೇಳುತ್ತಾರೆ. ಆದರೆ ಅದೇ ಕಿಂಗ್ ಜೇಮ್ಸ್ ಬೈಬಲ್‌ನ 121ನೇ ಕೀರ್ತನೆ ತೆಗೆದು ನೋಡಿ: ‘ಫ್ರಮ್ ವೆನ್ಸ್ ಕಮೆತ್ ಮೈ ಹೆಲ್ಪ್.’ ಷೇಕ್ಸ್‌ಪಿಯರ್ ಕೂಡ ಹಾಗೆ ಬರೆದಿದ್ದಾನೆ. ಅಂದರೆ 1600ರ ಹೊತ್ತಿಗೇ ಒಳ್ಳೆಯ ಬರಹಗಾರರಿಗೂ ವೆನ್ಸ್‌ನೊಳಗಿನ ‘ಇಂದ’ ಸರಿಯಾಗಿ ಕೇಳಿಸುತ್ತಿರಲಿಲ್ಲ. ನನ್ನ ಅಭಿಪ್ರಾಯ ಕೇಳಿದರೆ, ಇದನ್ನು ತಪ್ಪು ಅನ್ನಲು ಮನಸ್ಸಿಲ್ಲ. ಆದರೆ ಇವತ್ತು ಬರೆಯುವವರು ಫ್ರಮ್ ಬಿಡುವುದೇ ಲೇಸು. ಹಳೇ ಪದವನ್ನು ಬೇಕೆಂದೇ ಆರಿಸಿಕೊಂಡ ಮೇಲೆ ಅದರ ಪೂರ್ತಿ ಕೆಲಸ ಅದಕ್ಕೇ ಬಿಡಬೇಕು.

ಹೆನ್ಸ್ ಮಾತ್ರ ಜಾಣ. ಜಾಗದ ಅರ್ಥ ಹೋದರೂ ಬೇರೆ ಎರಡು ಕೆಲಸ ಹಿಡಿದು ಬದುಕಿಕೊಂಡಿತು. ಒಂದು, ಕಾಲ: ‘ಟೂ ವೀಕ್ಸ್ ಹೆನ್ಸ್’, ಇಂದಿನಿಂದ ಎರಡು ವಾರಕ್ಕೆ. ಇನ್ನೊಂದು, ಕಾರಣ: ‘ಆದ್ದರಿಂದ’. ಇಲ್ಲಿಂದ ಎನ್ನುವ ಪದ ಆದ್ದರಿಂದ ಎನ್ನುವಷ್ಟು ದೂರ ಹೇಗೆ ಬಂತು ಅಂತ ಆಶ್ಚರ್ಯ ಬೇಡ. ‘ಆದ್ದರಿಂದ’ ಎಂಬುದರ ಕೊನೆಯಲ್ಲೂ ಅದೇ ‘ಇಂದ’ ಇದೆಯಲ್ಲ! ‘ಇದರಿಂದ’ ಅಂತ ನಾವು ವಸ್ತುವಿಗೂ ಹೇಳುತ್ತೇವೆ, ಕಾರಣಕ್ಕೂ ಹೇಳುತ್ತೇವೆ. ‘ಹಿದರ್‌ಟು’ ಕೂಡ ಹೀಗೆಯೇ. ಬಿಡಿಸಿದರೆ ‘ಇಲ್ಲಿಯವರೆಗೆ’, ಅರ್ಥ ‘ಈ ಹೊತ್ತಿನವರೆಗೆ’. ನಾವೂ ‘ಇಲ್ಲಿಯವರೆಗೆ ಯಾರೂ ದೂರು ಕೊಟ್ಟಿಲ್ಲ’ ಅನ್ನುವಾಗ ಜಾಗ ತೋರಿಸುತ್ತಿರುವುದಿಲ್ಲ.

ಒಂಬತ್ತರ ಈ ಲೆಕ್ಕಕ್ಕೆ ಸೇರದ ಒಂದು ಪದ ಯಾಂಡರ್. ಅಗೋ ಅಲ್ಲಿ, ಕಣ್ಣಿಗೆ ಕಾಣುವಷ್ಟು ದೂರದಲ್ಲಿ ಅಂತ ಅರ್ಥ. ಹಿಯರ್, ದೇರ್, ಯಾಂಡರ್ ಅಂತ ದೂರಕ್ಕೆ ಮೂರು ಮೆಟ್ಟಿಲು ಇದ್ದವು. ಪುಸ್ತಕದ ಇಂಗ್ಲಿಷ್ ಕೊನೆಯ ಮೆಟ್ಟಿಲನ್ನು ಬಿಟ್ಟಿತು. ಅಮೆರಿಕದ ದಕ್ಷಿಣದ ಹಳ್ಳಿಗಳಲ್ಲಿ ‘ಓವರ್ ಯಾಂಡರ್’ ಇನ್ನೂ ಮಾಮೂಲಿ ಮಾತು. ಹಳಗನ್ನಡದಲ್ಲೂ ಮೂರು ಮೆಟ್ಟಿಲಿದ್ದವು: ಇದು, ಉದು, ಅದು. ನಾವು ಕಳೆದುಕೊಂಡದ್ದು ನಡುವಿನದನ್ನು.

ಈಗ ವೇರ್‌ಫೋರ್‌ಗೆ ಬರೋಣ. ಇದರಷ್ಟು ಅಪಾರ್ಥಕ್ಕೆ ಗುರಿಯಾದ ಪದ ಇನ್ನೊಂದಿಲ್ಲ. ಉಪ್ಪರಿಗೆಯ ಮೇಲೆ ನಿಂತ ಜೂಲಿಯೆಟ್ ‘ವೇರ್‌ಫೋರ್ ಆರ್ಟ್ ದೌ ರೋಮಿಯೋ’ ಅಂದಾಗ ‘ರೋಮಿಯೋ, ಎಲ್ಲಿದ್ದೀಯ’ ಅಂತ ಹುಡುಕುತ್ತಿದ್ದಾಳೆ ಅಂತ ಎಷ್ಟೋ ಜನ ತಿಳಿದಿದ್ದಾರೆ. ಶಾಲಾ ನಾಟಕಗಳಲ್ಲಿ ಹುಡುಗಿ ಹಣೆಗೆ ಕೈಯಿಟ್ಟು ಕತ್ತಲಲ್ಲಿ ಇಣುಕುವುದೂ ಉಂಟು. ಅವಳು ಕೇಳುತ್ತಿರುವುದು ಬೇರೆ. ನೀನು ರೋಮಿಯೋ ಯಾತಕ್ಕಾದೆ? ನಮ್ಮ ಮನೆಯವರಿಗೆ ಆಗದ ಕುಲದಲ್ಲಿ, ಆ ಹೆಸರು ಹೊತ್ತು ಯಾಕೆ ಹುಟ್ಟಿದೆ? ಮುಂದಿನ ಸಾಲಿನಲ್ಲೇ ಅವಳು ಹೆಸರು ಬಿಟ್ಟುಬಿಡು ಅನ್ನುತ್ತಾಳೆ. ‘ಎಲ್ಲಿದ್ದೀಯ’ ಅಂತ ಓದಿದರೆ ಆ ಸಾಲಿಗೆ ತಲೆಬುಡ ಇರುವುದಿಲ್ಲ.

ಪದವನ್ನು ಒಡೆದರೆ ವೇರ್ ಮತ್ತು ಫೋರ್. ಇಲ್ಲಿ ವೇರ್ ಜಾಗವನ್ನು ಹೇಳುವುದಿಲ್ಲ, ‘ಯಾವುದು’ ಅನ್ನುತ್ತದೆ. ಫೋರ್ ಎಂದರೆ ‘ಗೆ’, ‘ಸಲುವಾಗಿ’. ಒಟ್ಟಿಗೆ ‘ಯಾವುದಕ್ಕೆ’, ಅಂದರೆ ನಮ್ಮ ‘ಯಾತಕ್ಕೆ’. ಅದರ ಜೋಡಿ ದೇರ್‌ಫೋರ್, ನಮ್ಮ ‘ಅದಕ್ಕೆ’. ಯಾತಕ್ಕೆ ಬರಲಿಲ್ಲ? ಮಳೆ ಇತ್ತು, ಅದಕ್ಕೆ. ಪ್ರಶ್ನೆ ಸತ್ತಿತು, ಉತ್ತರ ಬದುಕಿತು. ಇಂಗ್ಲಿಷಿನಲ್ಲಿ ದೇರ್‌ಫೋರ್ ಇವತ್ತಿಗೂ ಎಲ್ಲ ಕಡೆ ಓಡಾಡುತ್ತದೆ, ವೇರ್‌ಫೋರ್ ‘ವೈಸ್ ಅಂಡ್ ವೇರ್‌ಫೋರ್ಸ್’ ಎಂಬ ನುಡಿಗಟ್ಟಿನಲ್ಲಿ ಮಾತ್ರ ಉಸಿರಾಡುತ್ತಿದೆ.

ಈ ಒಡೆಯುವ ಉಪಾಯ ಒಂದು ದೊಡ್ಡ ಹಿಂಡಿಗೇ ಅನ್ವಯಿಸುತ್ತದೆ. ದೇರಾಫ್, ದೇರಿನ್, ದೇರ್‌ಬೈ, ಹಿಯರ್‌ವಿತ್, ಹಿಯರಿನಾಫ್ಟರ್, ವೇರ್‌ಬೈ, ವೇರಪಾನ್. ಎಲ್ಲದಕ್ಕೂ ಸೂತ್ರ ಒಂದೇ. ಹಿಯರ್ ಎಂದರೆ ಇದು, ದೇರ್ ಎಂದರೆ ಅದು, ವೇರ್ ಎಂದರೆ ಯಾವುದು. ಅದಕ್ಕೊಂದು ವಿಭಕ್ತಿ ಹಚ್ಚಿ. ದೇರಾಫ್ ಅಂದರೆ ಅದರ. ದೇರಿನ್ ಅಂದರೆ ಅದರಲ್ಲಿ. ವೇರ್‌ಬೈ ಅಂದರೆ ಯಾವುದರಿಂದಲೋ ಅದು. ಇಂಗ್ಲಿಷಿನಲ್ಲಿ ಪ್ರಿಪೊಸಿಷನ್ ಮುಂದೆ ಬರುತ್ತದೆ, ನಮ್ಮಲ್ಲಿ ಪ್ರತ್ಯಯ ಹಿಂದೆ ಬರುತ್ತದೆ ಅಂತ ಪಾಠ ಮಾಡುತ್ತೇವೆ. ಆದರೆ ಈ ಪದಗಳಲ್ಲಿ ಇಂಗ್ಲಿಷೂ ನಮ್ಮ ಹಾಗೆ ಹಿಂದೆಯೇ ಹಚ್ಚುತ್ತದೆ.

ಇವು ಬದುಕಿರುವುದು ಕಾನೂನಿನ ನೆರಳಿನಲ್ಲಿ. 1860ರ ಭಾರತೀಯ ದಂಡ ಸಂಹಿತೆಯ 300ನೇ ಕಲಂ ಶುರುವಾಗುತ್ತಿದ್ದದ್ದೇ ‘ಎಕ್ಸೆಪ್ಟ್ ಇನ್ ದ ಕೇಸಸ್ ಹಿಯರಿನಾಫ್ಟರ್ ಎಕ್ಸೆಪ್ಟೆಡ್’ ಅಂತ. ಇನ್ನು ಮುಂದೆ ಹೇಳಿರುವ ವಿನಾಯಿತಿಗಳನ್ನು ಬಿಟ್ಟು ಎಂದರ್ಥ. 2024ರ ಜುಲೈ 1ರಿಂದ ಆ ಸಂಹಿತೆಯ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಬಂತು. ಹೆಸರು ಬದಲಾಯಿತು, ಕಲಂ ಸಂಖ್ಯೆ 101 ಆಯಿತು, ಹಿಯರಿನಾಫ್ಟರ್ ಮಾತ್ರ ಕದಲಲಿಲ್ಲ. ವಕೀಲರಿಗೆ ಈ ಪದಗಳ ಮೇಲೆ ಪ್ರೀತಿ ಯಾಕೆಂದರೆ ಕೋರ್ಟಿನಲ್ಲಿ ಒಮ್ಮೆ ಅರ್ಥ ನಿಂತ ಮಾತನ್ನು ಬದಲಿಸಿದರೆ ಹೊಸ ವಾದಕ್ಕೆ ಬಾಗಿಲು ತೆರೆಯುತ್ತದೆ. ನಮ್ಮ ಕ್ರಯಪತ್ರಗಳಲ್ಲಿ ‘ಸದರಿ’, ‘ಮೇಲ್ಕಂಡ’, ‘ಇನ್ನು ಮುಂದೆ ಖರೀದಿದಾರರೆಂದು ಕರೆಯಲ್ಪಡುವ’ ಇವೆಲ್ಲ ಅಳಿಯದೆ ಉಳಿದಿರುವುದಕ್ಕೂ ಅದೇ ಕಾರಣ. ಮನೆ ಕೊಂಡವರಿಗೆ ಅದರ ಅರ್ಥ ಆಯಿತೋ ಇಲ್ಲವೋ ಅನ್ನುವುದು ಬೇರೆ ಮಾತು.

ಈ ಹಿಂಡಿನಲ್ಲಿ ಹಿಯರ್‌ಬೈ ಮೇಲೆ ಸ್ವಲ್ಪ ನಿಲ್ಲಬೇಕು. ನಮ್ಮ ಸಂವಿಧಾನದ ಪ್ರಸ್ತಾವನೆಯಲ್ಲೇ ಅದಿದೆ: ‘ಡೂ ಹಿಯರ್‌ಬೈ ಅಡಾಪ್ಟ್, ಎನಾಕ್ಟ್ ಅಂಡ್ ಗಿವ್ ಟು ಅವರ್‌ಸೆಲ್ವ್ಸ್ ದಿಸ್ ಕಾನ್ಸ್‌ಟಿಟ್ಯೂಷನ್’. ಹಿಯರ್‌ಬೈ ಎಂದರೆ ‘ಈ ಮಾತಿನ ಮೂಲಕವೇ’. ಅಂದರೆ ಇದು ಸುದ್ದಿ ಹೇಳುವ ವಾಕ್ಯವಲ್ಲ. 1949ರ ನವೆಂಬರ್ 26ರಂದು ಅಂಗೀಕಾರ ನಡೆದದ್ದು ಈ ವಾಕ್ಯದಿಂದಲೇ. ಬ್ರಿಟಿಷ್ ತತ್ವಜ್ಞಾನಿ ಜೆ. ಎಲ್. ಆಸ್ಟಿನ್ ಇಂಥ ಮಾತುಗಳ ಬಗ್ಗೆ ಯೋಚಿಸಿದವನು. ರಾಜೀನಾಮೆ ಕೊಡುತ್ತೇನೆ, ಮಾತು ಕೊಡುತ್ತೇನೆ, ನೇಮಿಸುತ್ತೇನೆ: ಇಲ್ಲಿ ಹೇಳುವುದೇ ಮಾಡುವುದು. ಒಂದು ವಾಕ್ಯ ಈ ಜಾತಿಯದೋ ಅಲ್ಲವೋ ಅಂತ ನೋಡಲು ಹಿಯರ್‌ಬೈ ಸೇರಿಸಿ ನೋಡಿ ಅಂದ. ‘ಐ ಹಿಯರ್‌ಬೈ ರಿಸೈನ್’ ಸರಿ ಕೇಳುತ್ತದೆ. ‘ಐ ಹಿಯರ್‌ಬೈ ಈಟ್ ಇಡ್ಲಿ’ ನಗು ತರಿಸುತ್ತದೆ. ಇಡ್ಲಿ ತಿಂದೆ ಅಂದ ಮಾತ್ರಕ್ಕೆ ಹೊಟ್ಟೆ ತುಂಬುವುದಿಲ್ಲವಲ್ಲ.

ಈ ಒಂದು ಪರೀಕ್ಷೆ ನಮ್ಮ ಕಚೇರಿ ಪತ್ರಗಳ ಒಂದು ತಪ್ಪನ್ನೂ ತೋರಿಸುತ್ತದೆ. ‘ಐ ಹಿಯರ್‌ಬೈ ಅಟ್ಯಾಚ್ ಮೈ ರೆಸ್ಯೂಮೆ’ ಅಂತ ಬರೆಯುವವರು ಬಹಳ. ನೀವು ಲಗತ್ತಿಸಿದ್ದು ಮಾತಿನಿಂದ ಅಲ್ಲ, ಬಟನ್ ಒತ್ತಿ. ಅಲ್ಲಿ ಬೇಕಾದದ್ದು ಹಿಯರ್‌ವಿತ್, ‘ಇದರ ಜೊತೆ’. ಅದೂ ಬೇಡ ಅನ್ನಿಸಿದರೆ ಎರಡನ್ನೂ ಬಿಟ್ಟು ‘ಅಟ್ಯಾಚ್ಡ್’ ಅಂದರೆ ಸಾಕು, ಯಾರೂ ಕೆಲಸ ಕೊಡದೆ ಇರುವುದಿಲ್ಲ.

ಇನ್ನೊಂದು ಗುಂಪಿನ ಪದಗಳು ಹಳೇ ಇಂಗ್ಲಿಷಿನ ವಿಭಕ್ತಿಗಳು ಹೆಪ್ಪುಗಟ್ಟಿ ಉಳಿದವು. ಹೌದು, ಇಂಗ್ಲಿಷಿಗೂ ಒಂದು ಕಾಲದಲ್ಲಿ ಷಷ್ಠಿ, ಚತುರ್ಥಿ ಎಲ್ಲ ಇದ್ದವು. ನಾವು ಕೊನೆ, ಮೊದಲು ಎಂಬ ಪದಗಳಿಗೆ ‘ಗೆ’ ಹಚ್ಚಿ ಕೊನೆಗೆ, ಮೊದಲಿಗೆ ಅಂತ ಕ್ರಿಯಾವಿಶೇಷಣ ಮಾಡಿಕೊಳ್ಳುತ್ತೇವೆ. ಅವರೂ ಅದನ್ನೇ ಮಾಡುತ್ತಿದ್ದರು. ‘ಹ್ವೀಲ್’ ಎಂದರೆ ಹೊತ್ತು, ಇವತ್ತಿನ ವೈಲ್. ಅದರ ಚತುರ್ಥಿ ಬಹುವಚನ ‘ಹ್ವೀಲುಮ್’, ಅಂದರೆ ಆಗಾಗ, ಕೆಲವೊಮ್ಮೆ. ಅದೇ ಮುಂದೆ ‘ವೈಲಮ್’ ಆಗಿ ‘ಒಂದಾನೊಂದು ಕಾಲದಲ್ಲಿ’ ಎಂಬ ಅರ್ಥಕ್ಕೆ ಬಂತು. ಸೆಲ್ಡಮ್ ಎಂಬ ಪದದ ಕೊನೆಯ ‘ಅಮ್’ ಕೂಡ ಅದೇ ಅಚ್ಚಿನದು. ಪೀಸ್‌ಮೀಲ್ ಎಂಬಲ್ಲಿನ ‘ಮೀಲ್’ ಊಟವಲ್ಲ. ಅಳತೆ ಎಂಬರ್ಥದ ಹಳೇ ಪದದ ಚತುರ್ಥಿ ರೂಪ ಸವೆದು ಹಾಗಾಗಿದೆ. ತುಂಡು ತುಂಡಾಗಿ ಅಂತ ಅದರ ಅರ್ಥ.

ಷಷ್ಠಿಯ ಉಳಿಕೆ ‘ಸ್’. ಆಲ್ವೇಸ್, ಬಿಸೈಡ್ಸ್, ನೌಅಡೇಸ್ ಇವುಗಳ ಕೊನೆಯ ಸಕಾರ ಬಹುವಚನದ್ದಲ್ಲ. ಬೇಗನೆ, ಹೊತ್ತಿಗೆ ಮುಂಚೆ ಎಂಬರ್ಥದ ‘ಬಿಟೈಮ್ಸ್’ ಕೂಡ ಹೀಗೇ. ವನ್ಸ್, ಟ್ವೈಸ್, ತ್ರೈಸ್ ಕೂಡ ಒಂದರ, ಎರಡರ, ಮೂರರ ಎಂಬ ಈ ಬಗೆಯ ರೂಪಗಳೇ. ಹೆನ್ಸ್, ವೆನ್ಸ್‌ಗಳಿಗೆ ಆ ‘ಸ್’ ಬಂದದ್ದೂ ಮಧ್ಯಕಾಲದಲ್ಲಿ ಈ ಸಾಲಿನ ಸಹವಾಸದಿಂದ.

ಈ ಗುಂಪಿನಲ್ಲಿ ಓದುಗರನ್ನು ಎಡವಿಸುವುದು ‘ನೀಡ್ಸ್’. ಯೋಹಾನನ ನಾಲ್ಕನೇ ಅಧ್ಯಾಯದಲ್ಲಿ ‘ಹಿ ಮಸ್ಟ್ ನೀಡ್ಸ್ ಗೋ ಥ್ರೂ ಸಮಾರಿಯಾ’ ಅಂತ ಬರುತ್ತದೆ. ಮಸ್ಟ್ ಆದಮೇಲೆ ಇನ್ನೊಂದು ಕ್ರಿಯಾಪದ ಹೇಗೆ ಬಂತು? ಅಲ್ಲಿ ನೀಡ್ಸ್ ಕ್ರಿಯಾಪದವೇ ಅಲ್ಲ. ‘ಅವಶ್ಯವಾಗಿ’ ಎಂಬ ಕ್ರಿಯಾವಿಶೇಷಣ. ಅವನು ಸಮಾರ್ಯದ ಮೂಲಕ ಹೋಗಬೇಕಿತ್ತು ಅಂತಲ್ಲ, ಹೋಗಲೇಬೇಕಿತ್ತು ಅಂತ. ಕನ್ನಡದ ಆ ಒಂದು ‘ಲೇ’ ಮಾಡುವ ಕೆಲಸವನ್ನು ಅಲ್ಲಿ ನೀಡ್ಸ್ ಮಾಡುತ್ತದೆ.

ಕಾಲ ಹೇಳುವ ಪದಗಳಲ್ಲಿ ನನಗೆ ಇಷ್ಟವಾದದ್ದು ಅನಾನ್. ಮೊದಲು ಅದರ ಅರ್ಥ ‘ಕೂಡಲೇ’. ‘ಆನ್ ಆನ್’ ಎಂಬ ಹಳೇ ಮಾತಿನಿಂದ ಬಂದದ್ದು, ಒಂದರಲ್ಲಿ, ಒಂದೇ ಏಟಿಗೆ ಎಂದಹಾಗೆ. ಷೇಕ್ಸ್‌ಪಿಯರ್‌ನ ನಾಲ್ಕನೇ ಹೆನ್ರಿ ನಾಟಕದ ಮೊದಲ ಭಾಗದಲ್ಲಿ ಫ್ರಾನ್ಸಿಸ್ ಅಂತ ಹೆಂಡದಂಗಡಿಯ ಹುಡುಗನೊಬ್ಬ ಇದ್ದಾನೆ. ಒಂದು ಕೋಣೆಯಿಂದ ರಾಜಕುಮಾರ ಅವನನ್ನು ಮಾತಿಗೆಳೆದು ನಿಲ್ಲಿಸಿಕೊಳ್ಳುತ್ತಾನೆ, ಇನ್ನೊಂದು ಕೋಣೆಯಿಂದ ಅವನ ಗೆಳೆಯ ಕೂಗುತ್ತಾನೆ. ಪಾಪದ ಹುಡುಗ ಎರಡೂ ಕಡೆಗೆ ‘ಅನಾನ್, ಅನಾನ್, ಸರ್’ ಅನ್ನುತ್ತಲೇ ಇರುತ್ತಾನೆ, ಎಲ್ಲಿಗೂ ಹೋಗುವುದಿಲ್ಲ. ನಮ್ಮ ಹೋಟೆಲಿನ ‘ಬಂದೆ ಸಾರ್, ಬಂದೆ’ ಇದೇ ತಾನೇ? ಇಂಥ ಅನಾನ್‌ಗಳನ್ನು ಕೇಳಿ ಕೇಳಿ ಆ ಪದ ಸವೆದು ‘ಇನ್ನು ಸ್ವಲ್ಪ ಹೊತ್ತಿಗೆ’ ಎಂಬ ಅರ್ಥಕ್ಕೆ ಇಳಿಯಿತು.

ಅನಾನ್ ಒಂದೇ ಅಲ್ಲ, ‘ಕೂಡಲೇ’ ಅನ್ನುವ ಪದಗಳಿಗೆಲ್ಲ ಇದೇ ಗತಿ. ಸೂನ್ ಎಂಬುದರ ಹಳೇ ರೂಪ ‘ಸೋನ’, ಅರ್ಥ ತಕ್ಷಣ. ಪ್ರೆಸೆಂಟ್ಲಿ ಎಂದರೂ ಮೊದಲು ಈಗಲೇ ಅಂತಲೇ ಇತ್ತು. ‘ಬೈ ಅಂಡ್ ಬೈ’ ಇವತ್ತು ನಿಧಾನಕ್ಕೆ, ಮುಂದೆ ಯಾವಾಗಲೋ ಅನ್ನುವ ಮಾತು. ಆದರೆ ಕಿಂಗ್ ಜೇಮ್ಸ್ ಬೈಬಲ್‌ನ ಮಾರ್ಕನ ಆರನೇ ಅಧ್ಯಾಯದಲ್ಲಿ ಹೆರೋದಿಯಳ ಮಗಳು ಸ್ನಾನಿಕ ಯೋಹಾನನ ತಲೆಯನ್ನು ‘ಬೈ ಅಂಡ್ ಬೈ’ ಹರಿವಾಣದಲ್ಲಿ ಕೊಡು ಅಂತ ಕೇಳುತ್ತಾಳೆ. ಇವತ್ತಿನ ಅರ್ಥದಲ್ಲಿ ಓದಿದರೆ ಅವಳಿಗೇನೂ ಅವಸರವಿಲ್ಲ ಅನ್ನಿಸುತ್ತದೆ. ಅವಳು ಕೇಳಿದ್ದು ಈ ಕ್ಷಣವೇ ಬೇಕು ಅಂತ. ಜನ ಈಗಲೇ ಅಂತ ಹೇಳಿ ತಡಮಾಡುವುದರಿಂದ ಪದವೂ ಜೊತೆಗೇ ತಡವಾಗುತ್ತದೆ. ನಾವಂತೂ ಒಂದು ಹೆಜ್ಜೆ ಮುಂದೆ. ಇಂಗ್ಲಿಷಿನವರು ಸವೆಸಿದ್ದು ಕ್ರಿಯಾವಿಶೇಷಣವನ್ನು, ನಾವು ಭೂತಕಾಲವನ್ನೇ ಸವೆಸಿದ್ದೇವೆ. ‘ಈಗ ಬಂದೆ’ ಅಂದವನು ಇನ್ನೂ ಚಪ್ಪಲಿ ಹುಡುಕುತ್ತಿರುತ್ತಾನೆ.

ನಿಜ ಹೇಳುವ ಪದಗಳೂ ಹೀಗೆ ಬಣ್ಣ ಕಳೆದುಕೊಂಡವು. ‘ಸೂತ್’ ಎಂದರೆ ಸತ್ಯ. ಕಣಿ ಹೇಳುವವನಿಗೆ ಸೂತ್‌ಸೇಯರ್ ಅಂತ ಹೆಸರು ಬಂದದ್ದು ಅದರಿಂದ. ‘ಫರ್‌ಸೂತ್’ ಎಂದರೆ ಸತ್ಯವಾಗಿ. ಕವಿ ಚಾಸರ್‌ನ ಕಾಲದಲ್ಲಿ, ಅಂದರೆ ಹದಿನಾಲ್ಕನೇ ಶತಮಾನದಲ್ಲಿ, ಅದು ನೇರವಾದ ಮಾತು. ಮುಂದೆ ಕೊಂಕಿನ ಮಾತಾಯಿತು. ‘ಎ ಪೊಯೆಟ್, ಫರ್‌ಸೂತ್!’ ಅಂದರೆ ‘ಕವಿಯಂತೆ ಕಣ್ರೀ ಇವನು!’ ಅಂದ ಹಾಗೆ. ನಮ್ಮ ‘ಅಂತೆ’ ಬರೀ ಸುದ್ದಿ ತಿಳಿಸಬಲ್ಲದು, ಮೂಗು ಮುರಿಯಲೂಬಲ್ಲದು. ಹಾಗಾಗಿ ಈಗ ಯಾರಾದರೂ ಗಂಭೀರವಾಗಿ ಫರ್‌ಸೂತ್ ಬರೆದರೆ ಓದುವವರಿಗೆ ಕೇಳುವುದು ಕೊಂಕೇ. ಅದರ ನೆಂಟ ವೆರಿಲಿ ಮಾತ್ರ ಬೈಬಲ್‌ನ ಆಸರೆಯಲ್ಲಿ ಮಾನ ಉಳಿಸಿಕೊಂಡಿತು. ‘ವೆರಿಲಿ, ವೆರಿಲಿ, ಐ ಸೇ ಅಂಟು ಯು’ ಎಂಬುದರ ಹಿಂದೆ ಗ್ರೀಕಿನ ‘ಆಮೆನ್, ಆಮೆನ್’ ಇದೆ. ಕನ್ನಡ ಬೈಬಲ್ ಅದನ್ನು ‘ನಿಜನಿಜವಾಗಿ’ ಅಂತ ಜೋಡುನುಡಿ ಮಾಡಿಕೊಂಡಿತು. ನನ್ನ ಕಿವಿಗೆ ಇಂಗ್ಲಿಷಿಗಿಂತ ಇದೇ ಸೊಗಸು.

‘ಬಹುಶಃ’ ಎನ್ನಲು ಇಂಗ್ಲಿಷಿನಲ್ಲಿ ಒಂದು ದಂಡೇ ಇತ್ತು. ಹ್ಯಾಪ್ಲಿ, ಮೇಹ್ಯಾಪ್, ಪರ್ಚಾನ್ಸ್, ಪೆರಡ್ವೆಂಚರ್. ಎಲ್ಲದರ ಬುಡದಲ್ಲೂ ಅದೃಷ್ಟ, ಆಕಸ್ಮಿಕ ಎಂಬ ಅರ್ಥವಿದೆ. ‘ಹ್ಯಾಪ್’ ಎಂದರೆ ಅದೃಷ್ಟ, ವೈಕಿಂಗರ ನಾರ್ಸ್ ಭಾಷೆಯಿಂದ ಬಂದದ್ದು. ಹ್ಯಾಪನ್, ಮಿಸ್‌ಹ್ಯಾಪ್, ಕೊನೆಗೆ ಹ್ಯಾಪಿ ಕೂಡ ಅದರ ಮಕ್ಕಳೇ. ಇವತ್ತು ನಾವೆಲ್ಲ ಬಳಸುವ ಪರ್‌ಹ್ಯಾಪ್ಸ್ ಒಂದು ಕಲಸುಮೇಲೋಗರ: ಲ್ಯಾಟಿನ್‌ನ ‘ಪರ್’, ನಾರ್ಸ್‌ನ ‘ಹ್ಯಾಪ್’. ಪೆರಡ್ವೆಂಚರ್ ಫ್ರೆಂಚರಿಂದ ಬಂದದ್ದು. ಅದನ್ನು ಚೆನ್ನಾಗಿ ಕೇಳಿಸಿಕೊಳ್ಳಬೇಕಾದರೆ ಆದಿಕಾಂಡದ 18ನೇ ಅಧ್ಯಾಯ ಓದಬೇಕು. ಸೊದೋಮ್ ಪಟ್ಟಣವನ್ನು ಉಳಿಸಲು ಅಬ್ರಹಾಮ ದೇವರ ಜೊತೆ ಚೌಕಾಸಿ ಮಾಡುತ್ತಾನೆ. ಒಂದುವೇಳೆ ಐವತ್ತು ಜನ ನೀತಿವಂತರಿದ್ದರೆ? ಒಂದುವೇಳೆ ನಲವತ್ತೈದಾದರೆ? ನಲವತ್ತು, ಮೂವತ್ತು, ಇಪ್ಪತ್ತು, ಕೊನೆಗೆ ಹತ್ತಕ್ಕೆ ಇಳಿಸುತ್ತಾನೆ. ಪ್ರತಿ ಸಲವೂ ಪೆರಡ್ವೆಂಚರ್. ಅಲ್ಲಿ ‘ಇಫ್’ ಹಾಕಿದರೆ ಅರ್ಥ ಕೆಡುವುದಿಲ್ಲ, ಆದರೆ ಆ ಹಿಂಜರಿಕೆ, ಆ ವಿನಯ ಹೋಗುತ್ತದೆ.

ವಿಡರ್‌ಶಿನ್ಸ್ ಎಂಬ ಪದವನ್ನು ಬಿಟ್ಟು ಮುಂದೆ ಹೋಗಲು ಮನಸ್ಸು ಬರುವುದಿಲ್ಲ. ಸ್ಕಾಟ್ಲೆಂಡಿನಲ್ಲಿ ಬೇರೂರಿದ ಈ ಪದದ ಅರ್ಥ ಸೂರ್ಯ ಸಾಗುವ ದಿಕ್ಕಿಗೆ ವಿರುದ್ಧವಾಗಿ, ಅಂದರೆ ಅಪ್ರದಕ್ಷಿಣವಾಗಿ. ಚರ್ಚಿನ ಸುತ್ತ ವಿಡರ್‌ಶಿನ್ಸ್ ನಡೆದರೆ ಕೇಡು ಅಂತ ಅಲ್ಲಿ ನಂಬಿಕೆಯಿತ್ತು. ನಮ್ಮಲ್ಲೂ ದೇವಸ್ಥಾನವನ್ನು ಹಾಗೆ ಸುತ್ತುವುದಿಲ್ಲ. ಅದರ ಎದುರು ಪದ ‘ಡೀಸಿಲ್’, ಪ್ರದಕ್ಷಿಣವಾಗಿ. ಅದು ಗೇಲಿಕ್ ಭಾಷೆಯದು. ಗೇಲಿಕ್‌ನಲ್ಲಿ ‘ಡೆಸ್’ ಎಂದರೆ ಬಲ, ದಕ್ಷಿಣ ದಿಕ್ಕಿಗೂ ಅದೇ ಪದ. ಸಂಸ್ಕೃತದ ‘ದಕ್ಷಿಣ’ಕ್ಕೂ ಅವೇ ಎರಡು ಅರ್ಥ. ಪೂರ್ವಕ್ಕೆ ಮುಖ ಮಾಡಿ ನಿಂತರೆ ಬಲಗೈ ಇರುವ ಕಡೆ ದಕ್ಷಿಣ. ಇದು ಕಾಕತಾಳೀಯವಲ್ಲ. ಎರಡೂ ಒಂದೇ ಇಂಡೋ-ಯುರೋಪಿಯನ್ ಬೇರಿನ ಕುಡಿಗಳು. ಡೀಸಿಲ್ ಮತ್ತು ಪ್ರದಕ್ಷಿಣೆ ಹೀಗೆ ದೂರದ ದಾಯಾದಿಗಳು.

ಇಷ್ಟೆಲ್ಲ ತಿಳಿದ ಮೇಲೆ ಇವನ್ನು ಬರವಣಿಗೆಯಲ್ಲಿ ಬಳಸಬಹುದೇ? ಬಳಸಿ ಬೈಸಿಕೊಂಡವರ ಪಟ್ಟಿ ದೊಡ್ಡದು. ಹದಿನಾರನೇ ಶತಮಾನದ ಕೊನೆಯಲ್ಲಿ ಎಡ್ಮಂಡ್ ಸ್ಪೆನ್ಸರ್ ತನ್ನ ಕಾಲಕ್ಕೇ ಹಳತ್ತಾಗಿದ್ದ ಪದಗಳನ್ನು ತುಂಬಿ ಕಾವ್ಯ ಬರೆದ. ಅವನು ಬರೆದದ್ದು ಯಾವ ಭಾಷೆಯೂ ಅಲ್ಲ ಅಂದ ನಾಟಕಕಾರ ಬೆನ್ ಜಾನ್ಸನ್. ಕೋಲ್‌ರಿಜ್ ತನ್ನ ಮುದಿ ನಾವಿಕನ ಕವಿತೆಯನ್ನು 1798ರಲ್ಲಿ ಹಳೇ ಪದಗಳಿಂದ ಗಿಡಿದು ಪ್ರಕಟಿಸಿದ. ಜನಕ್ಕೆ ಹಿಡಿಸಲಿಲ್ಲ. 1800ರ ಆವೃತ್ತಿಗೆ ಅವನೇ ಅವುಗಳಲ್ಲಿ ಎಷ್ಟನ್ನೋ ಕಿತ್ತುಹಾಕಿದ. ಬೈರನ್ 1812ರಲ್ಲಿ ಚೈಲ್ಡ್ ಹೆರಾಲ್ಡ್ ಕಾವ್ಯವನ್ನು ವೈಲಮ್ ಮುಂತಾದ ಪದಗಳಿಂದ ಶುರು ಮಾಡಿ, ಮುಂದೆ ಹೋದಂತೆ ಆ ಗೀಳನ್ನು ಮೆಲ್ಲಗೆ ಬಿಟ್ಟ.

ಈಚೆಗೆ ಇಂಟರ್ನೆಟ್ಟಿನಲ್ಲಿ ಇನ್ನೊಂದು ಗೀಳು. ‘ಓವರ್‌ಮಾರೋ’ ಎಂಬ ಪದವನ್ನು ವಾಪಸ್ ತರಬೇಕು ಅಂತ ಆಗಾಗ ಕೂಗು ಏಳುತ್ತದೆ. ಅರ್ಥ ನಾಡಿದ್ದು. 1535ರ ಕವರ್‌ಡೇಲ್ ಬೈಬಲ್‌ನಲ್ಲಿ ಅದು ಸಿಗುತ್ತದೆ. ಆದರೆ ಆಗಲೂ ಅದು ಎಲ್ಲರ ಬಾಯಲ್ಲಿದ್ದ ಪದವೇನಲ್ಲ, ಅಪರೂಪದ್ದೇ. ಇಲ್ಲದ ಬಳಕೆಯನ್ನು ವಾಪಸ್ ತರುವುದು ಹೇಗೆ? ನಾಡಿದ್ದು, ಆಚೆ ನಾಡಿದ್ದು, ಮೊನ್ನೆ, ಆಚೆ ಮೊನ್ನೆ ಅಂತ ಸಲೀಸಾಗಿ ಓಡಾಡುವ ನಮಗೆ ಅವರ ಪರದಾಟ ನೋಡಿ ಸ್ವಲ್ಪ ಮರುಕ ಬಂದರೆ ತಪ್ಪಿಲ್ಲ.

ತಮಾಷೆಯೆಂದರೆ, ಇಂಗ್ಲೆಂಡಿನಲ್ಲಿ ಮಸುಕಾದ ಕೆಲವು ಪದಗಳು ಭಾರತದ ಇಂಗ್ಲಿಷಿನಲ್ಲಿ ಆರೋಗ್ಯವಾಗಿವೆ. ತ್ರೈಸ್ ಅಂದರೆ ಲಂಡನ್ನಿನವನಿಗೆ ಕಥೆಪುಸ್ತಕದ ವಾಸನೆ ಬರುತ್ತದೆ, ಅವನು ‘ತ್ರೀ ಟೈಮ್ಸ್’ ಅನ್ನುತ್ತಾನೆ. ಇಲ್ಲಿ ಡಾಕ್ಟರು ಮಾತ್ರೆಯನ್ನು ದಿನಕ್ಕೆ ತ್ರೈಸ್ ತಗೊಳ್ಳಿ ಅಂದರೆ ಯಾರೂ ತಲೆ ಎತ್ತಿ ನೋಡುವುದಿಲ್ಲ. ‘ಅರ್ಸ್ಟ್’ ಎಂಬುದು ‘ಮುಂಚೆ’ ಎನ್ನುವುದರ ಅತಿಶಯ ರೂಪ, ಎಲ್ಲಕ್ಕಿಂತ ಮುಂಚೆ ಅಂತ. ಅದಕ್ಕೆ ವೈಲ್ ಸೇರಿ ಅರ್ಸ್ಟ್‌ವೈಲ್ ಆಯಿತು. ಮೊದಲು ಕ್ರಿಯಾವಿಶೇಷಣವಾಗಿದ್ದದ್ದು ಈಗ ಗುಣವಾಚಕ. ನಮ್ಮ ಇಂಗ್ಲಿಷ್ ಪತ್ರಿಕೆಗಳಲ್ಲಿ ಹಿಂದಿನ ಮೈಸೂರು ಸಂಸ್ಥಾನ ಅಂತ ಬರೆಯಬೇಕಾದರೆ ಅರ್ಸ್ಟ್‌ವೈಲ್ ಇಲ್ಲದೆ ವಾಕ್ಯ ಮುಂದೆ ಸಾಗುವುದಿಲ್ಲ. ಇನ್ನು ಪ್ರೆಸೆಂಟ್ಲಿ. ‘ಪ್ರೆಸೆಂಟ್ಲಿ ವರ್ಕಿಂಗ್ ಇನ್ ಬೆಂಗಳೂರು’ ಅಂತ ಅರ್ಜಿಯಲ್ಲಿ ಬರೆದರೆ, ಬ್ರಿಟನ್ನಿನ ಹಳೇ ತಲೆಯ ಸಂಪಾದಕನೊಬ್ಬ ಇನ್ನು ಸ್ವಲ್ಪ ದಿನಕ್ಕೆ ಕೆಲಸಕ್ಕೆ ಸೇರುತ್ತಾನೇನೋ ಅಂದುಕೊಂಡಾನು. ಅರ್ಜಿ ಬರೆದವನು ಹೇಳಿದ್ದು ಈಗ ಕೆಲಸದಲ್ಲಿದ್ದೇನೆ ಅಂತ. ಆ ಪದಕ್ಕೆ ಇವೆರಡರಲ್ಲಿ ಹಳೇ ಅರ್ಥ ಯಾವುದು ಎಂದರೆ, ಅರ್ಜಿದಾರನದ್ದೇ.